ಗ್ಯಾಲರಿಯಲ್ಲಿ ಕೈ ಎತ್ತಿ ನಿಂತ ಮನುಷ್ಯ: ಎರಡೂವರೆ ತಿಂಗಳ ಪ್ರಧಾನಿ ಲುಮುಂಬಾಗೆ ಇಷ್ಟು ಹೆಸರು ಯಾಕೆ?

ಗೋಲ್‌ಪೋಸ್ಟ್_ಗಿರಿ
ಎಲ್ಲರಿಗೂ ನಮಸ್ಕಾರ. ಮೊರಾಕ್ಕೊದಲ್ಲಿ ನಡೆದ ಆಫ್ರಿಕಾ ಕಪ್ ಫುಟ್‌ಬಾಲ್ ನೋಡಿದವರು ಯಾರಾದರೂ ಇದ್ದೀರಾ? ಕಾಂಗೋ ತಂಡದ ಪಂದ್ಯಗಳಲ್ಲಿ ಗ್ಯಾಲರಿಯಲ್ಲಿ ಒಬ್ಬ ಮನುಷ್ಯ ಸೂಟು ಹಾಕಿಕೊಂಡು, ಕನ್ನಡಕ ಇಟ್ಟುಕೊಂಡು, ಬಲಗೈ ಮೇಲೆತ್ತಿ ಪಂದ್ಯ ಮುಗಿಯುವವರೆಗೂ ಅಲ್ಲಾಡದೆ ನಿಂತಿರುತ್ತಿದ್ದ. ಸುತ್ತ ಎಲ್ಲರೂ ಕುಣೀತಿದ್ದಾರೆ, ಡ್ರಮ್ಮು ಬಡೀತಿದ್ದಾರೆ, ಇವನು ಮಾತ್ರ ಕಲ್ಲು. ಯಾಕಪ್ಪಾ ಅಂತ ಹುಡುಕಿದರೆ ಅದು ಕಿನ್ಶಾಸಾದಲ್ಲಿರೋ ಲುಮುಂಬಾ ಪ್ರತಿಮೆಯ ಭಂಗಿಯಂತೆ.

ಪ್ಯಾಟ್ರಿಸ್ ಲುಮುಂಬಾ, ಬೆಲ್ಜಿಯಂ ವಸಾಹತಾಗಿದ್ದ ಕಾಂಗೋದ ಮೊದಲ ಪ್ರಧಾನಿ. 1960 ಜೂನ್ 24ಕ್ಕೆ ಸರ್ಕಾರ ಮಾಡಿದ, ಸೆಪ್ಟೆಂಬರ್ 5ಕ್ಕೆ ವಜಾ. ಲೆಕ್ಕ ಹಾಕಿದೆ, 73 ದಿನ. ನಮ್ಮಲ್ಲಿ ಗ್ರಾಮ ಪಂಚಾಯ್ತಿ ಅಧ್ಯಕ್ಷರೂ ಇದಕ್ಕಿಂತ ಜಾಸ್ತಿ ದಿನ ಕೂತಿರುತ್ತಾರೆ. ಅಷ್ಟರಲ್ಲಿ ಏನು ಮಾಡಿದ ಅಂತ 65 ವರ್ಷ ಆದ ಮೇಲೂ ಜನ ಅವನ ಹಾಗೆ ನಿಲ್ಲುತ್ತಾರೆ? ಸಾಧನೆಯಿಂದಲೋ, ಕೊಂದರು ಅನ್ನೋ ಕಾರಣಕ್ಕೋ? ಗೊತ್ತಿದ್ದವರು ಹೇಳಿ.

ಮಲೆನಾಡ್_ಮಾಣಿ
ಕೊಂದರು ಅನ್ನೋ ಕಾರಣಕ್ಕೆ. ಇನ್ನೂ 30 ವರ್ಷ ಇದ್ದಿದ್ದರೆ ಅವನೂ ಆಮೇಲೆ ಬಂದ ಮೊಬುಟು ಥರ ಒಬ್ಬ ಸರ್ವಾಧಿಕಾರಿ ಆಗುತ್ತಿದ್ದ. ಆ ಕಾಲದ ಆಫ್ರಿಕಾದಲ್ಲಿ ಎಷ್ಟು ಹೀರೊಗಳು ಕೊನೆಗೆ ವಿಲನ್ ಆಗಲಿಲ್ಲ ಹೇಳಿ.

ಹಳೆ_ರೇಡಿಯೊ
ಮಾಣಿ, ಸತ್ತವನ ಮುಂದಿನ ಜಾತಕ ನೀವು ಹೇಗೆ ಬರೀತೀರಿ? ಬದುಕಿದ್ದಷ್ಟು ದಿನದ್ದು ನೋಡೋಣ.

ನನಗೆ ಈಗ 74. ಅವರ ಸಾವಿನ ಸುದ್ದಿ ಬಂದಾಗ ನಾನು ಚಿಕ್ಕ ಹುಡುಗ. ಅರ್ಥ ಆಗಿರಲಿಲ್ಲ. ಅಪ್ಪ ರೇಡಿಯೊ ಆಫ್ ಮಾಡಿ ಊಟಕ್ಕೆ ಏಳದೆ ಕೂತಿದ್ದು ಮಾತ್ರ ನೆನಪಿದೆ. ದೊಡ್ಡವನಾದ ಮೇಲೆ ಸಿಕ್ಕಿದ್ದನ್ನೆಲ್ಲ ಓದಿದೆ.

ಹುಟ್ಟಿದ್ದು 1925 ಜುಲೈ 2, ಕಸಾಯ್ ಸೀಮೆಯ ಒನಲುವ ಅನ್ನೋ ಹಳ್ಳಿ. ತೆತೆಲಾ ಜನ. ಮಿಷನ್ ಶಾಲೆಗಳಲ್ಲಿ ಸ್ವಲ್ಪ ಓದು, ಉಳಿದದ್ದೆಲ್ಲ ಸ್ವಂತ ಓದು. ಸ್ಟ್ಯಾನ್ಲಿವಿಲ್‌ನಲ್ಲಿ (ಈಗಿನ ಕಿಸಂಗನಿ) ಅಂಚೆ ಕಚೇರಿ ಗುಮಾಸ್ತ. ಪತ್ರಿಕೆಗಳಿಗೆ ಲೇಖನ ಬರೆಯುವ ಹುಚ್ಚು. ಬೆಲ್ಜಿಯಂನವರು ಓದಿದ ಕರಿಯರಿಗೆ ‘ಎವೊಲ್ವೆ’ ಅಂತ ಹೆಸರಿಟ್ಟಿದ್ದರು, ಅಂದರೆ ‘ಮುಂದುವರಿದವನು’. ಅದರಲ್ಲೂ ಮೇಲಿನ ದರ್ಜೆಗೆ ಒಂದು ಕಾರ್ಡು. ಅದು ಬೇಕಾದರೆ ಅಧಿಕಾರಿಗಳು ಮನೆಗೆ ಬಂದು ಹೇಗೆ ಬದುಕುತ್ತೀರಿ ಅಂತ ತನಿಖೆ ಮಾಡೋರು. ನಿಮ್ಮ ಮನೆಗೆ ಬಂದು, ನಿಮ್ಮ ಹೆಂಡತಿಯ ಮುಂದೆ, ನೀವು ಮನುಷ್ಯ ಹೌದೋ ಅಲ್ಲವೋ ಅಂತ ಸರ್ಟಿಫಿಕೇಟ್ ಕೊಡೋದು! ಲುಮುಂಬಾಗೂ ಮೊದಲ ಸಲ ಸಿಗಲಿಲ್ಲ. 1954ರಲ್ಲಿ ಸಿಕ್ಕಿತು. ಆಗ ಅವರೂ ಬೆಲ್ಜಿಯಂ ಜೊತೆ ಹೊಂದಿಕೊಂಡು ಹೋಗೋಣ ಅನ್ನೋ ಗುಂಪಿನಲ್ಲೇ ಇದ್ದರು. ಇದನ್ನು ಅಭಿಮಾನಿಗಳು ಬೇಗ ಬೇಗ ದಾಟಿಬಿಡುತ್ತಾರೆ.

ಮಲೆನಾಡ್_ಮಾಣಿ
ಅಂಚೆ ದುಡ್ಡು ತಿಂದು ಜೈಲಿಗೆ ಹೋಗಿದ್ದನ್ನೂ ನೀವು ದಾಟಿದಿರಿ ಯಜಮಾನರೇ 😄

ಹಳೆ_ರೇಡಿಯೊ
ದಾಟಿಲ್ಲ, ಬರ್ತಾ ಇದ್ದೆ. ಹೌದು, ಹಣ ದುರುಪಯೋಗದ ಕೇಸು. 1956ರಲ್ಲಿ ಬಂಧನ, ಆಮೇಲೆ ಶಿಕ್ಷೆ. ಅವರು ತೆಗೆದುಕೊಂಡದ್ದು ನಿಜ. ಅದೇ ಕೆಲಸದ ಬಿಳಿಯನ ಸಂಬಳಕ್ಕೂ ಇವರ ಸಂಬಳಕ್ಕೂ ಇದ್ದ ಅಂತರವೂ ನಿಜ. ಎರಡನ್ನೂ ಬರೆದುಕೊಳ್ಳಿ.

ಧಾರವಾಡ್_ಪೇಡಾ
ಜೈಲಿಂದ ಬಂದ ಮೇಲಿನ ಕೆಲಸ ಕೇಳ್ರಿ. ಬಿಯರ್ ಮಾರಾಟ! ಲಿಯೋಪೋಲ್ಡ್‌ವಿಲ್‌ನಾಗ (ಈಗಿನ ಕಿನ್ಶಾಸಾ) ‘ಪೋಲಾರ್’ ಅನ್ನೋ ಬಿಯರ್ ಇತ್ತು. ‘ಪ್ರಿಮಸ್’ ಅಂತ ಇನ್ನೊಂದು, ಎರಡಕ್ಕೂ ಜಿದ್ದಾಜಿದ್ದಿ. ಲುಮುಂಬಾ ಪೋಲಾರ್ ಪ್ರಚಾರಕ್ಕ ಓಣಿ ಓಣಿ ತಿರುಗಿ, ಬಾರ್‌ನಾಗ ನಿಂತು ಭಾಷಣ ಮಾಡಿ ಬಿಯರ್ ಹಂಚತಿದ್ದರು. ಮಾತು ಚಲೋ, ಮುಖ ಪರಿಚಯ ಊರ ತುಂಬ. 1958 ಅಕ್ಟೋಬರ್‌ನಾಗ ಎಂಎನ್‌ಸಿ (ಕಾಂಗೋ ರಾಷ್ಟ್ರೀಯ ಚಳವಳಿ) ಪಕ್ಷ ಕಟ್ಟಿದಾಗ ಆ ಪರಿಚಯನ ಉಪಯೋಗಕ್ಕ ಬಂತು.

ಗೋಲ್‌ಪೋಸ್ಟ್_ಗಿರಿ
ಬಿಯರ್ ಮೊದಲು, ಭಾಷಣ ಆಮೇಲೆ. ನಮ್ಮ ಚುನಾವಣೆಯಲ್ಲೂ ಅದೇ ಕ್ರಮ ಅಲ್ವಾ

ನಿದ್ದೆಗೆಟ್ಟ_ನಾಣಿ
ಅಲ್ಲ, ನಮ್ಮಲ್ಲಿ ಭಾಷಣ ಕೇಳಿದ್ದಕ್ಕೆ ಬಿಯರ್.

ಬ್ರಸೆಲ್ಸ್_ಬೋರೇಗೌಡ
ನಾನು ಇಲ್ಲಿ ಬೆಲ್ಜಿಯಂನಲ್ಲಿ 9 ವರ್ಷದಿಂದ ಇದ್ದೇನೆ. ಮತೋಂಗೆ ಅಂತ ಕಾಂಗೋ ಜನರ ಅಂಗಡಿ ಸಾಲು ಇರುವ ಬಡಾವಣೆ ಇದೆ, ಒಣಮೀನು, ಮರಗೆಣಸಿನ ಸೊಪ್ಪು ಎಲ್ಲ ಸಿಗುತ್ತೆ. ಅದರ ಬಾಯಲ್ಲೇ ಲುಮುಂಬಾ ಹೆಸರಿನ ಚೌಕ. 2018ರಲ್ಲಿ ಹೆಸರಿಟ್ಟರು, ಅದಕ್ಕೂ ಎಷ್ಟೋ ವರ್ಷ ಜಗಳ ಆಗಬೇಕಾಯಿತು. ಚೌಕ ಅನ್ನೋದೂ ಜಾಸ್ತಿ ಆಯ್ತು, ರಸ್ತೆ ಪಕ್ಕದ ಒಂದು ತುಂಡು ಜಾಗ. ಆದರೆ ಕಾಂಗೋವನ್ನು ಮೊದಲು ಹಿಡಿದ ಎರಡನೇ ಲಿಯೋಪೋಲ್ಡ್ ರಾಜ ಅಲ್ಲೇ ಹತ್ತಿರದಲ್ಲಿ ಕುದುರೆ ಮೇಲೆ ಕೂತಿದ್ದಾನೆ, ದೊಡ್ಡ ಕಂಚಿನ ಪ್ರತಿಮೆ.

ಗಿರಿ, ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಒಂದೇ. 73 ದಿನ ಅಲ್ಲ, ಒಂದೇ ದಿನ. 1960 ಜೂನ್ 30. ಸ್ವಾತಂತ್ರ್ಯದ ಸಮಾರಂಭ. ಬೆಲ್ಜಿಯಂ ರಾಜ ಬೋದ್ವೆ ಎದ್ದು ನಿಂತು ಇದೆಲ್ಲ ನಮ್ಮ ಲಿಯೋಪೋಲ್ಡ್‌ನ ಮಹಾ ಪ್ರತಿಭೆಯ ಫಲ ಅನ್ನೋ ಅರ್ಥದಲ್ಲಿ ಹೊಗಳಿದ. ಆ ಲಿಯೋಪೋಲ್ಡ್ ಕಾಲದಲ್ಲಿ ರಬ್ಬರ್ ಸಾಲದು ಅಂತ ಜನರ ಕೈ ಕತ್ತರಿಸಿದ್ದರು! ಅಧ್ಯಕ್ಷ ಕಸವುಬು ಸೌಮ್ಯವಾಗಿ ವಂದನೆ ಹೇಳಿ ಕೂತರು. ಕಾರ್ಯಕ್ರಮ ಪಟ್ಟಿಯಲ್ಲಿ ಲುಮುಂಬಾ ಭಾಷಣವೇ ಇರಲಿಲ್ಲ. ಎದ್ದರು, ಓದಿದರು. ಬೆಳಗ್ಗೆ ಮಧ್ಯಾಹ್ನ ಸಂಜೆ ಬೈಗುಳ ಹೊಡೆತ ತಿಂದದ್ದು, ಊಟಕ್ಕೂ ಬಟ್ಟೆಗೂ ಸಾಲದ ಕೂಲಿ, ಬಿಳಿಯರಿಗೊಂದು ಕಾನೂನು ಕರಿಯರಿಗೊಂದು ಕಾನೂನು. ಎಲ್ಲ ರಾಜನ ಮುಖದ ಮುಂದೆ.

ಮಲೆನಾಡ್_ಮಾಣಿ
ಅಲ್ಲೇ ಎಡವಿದ್ದು ಅಂತ ನನ್ನ ಅಭಿಪ್ರಾಯ. ಮದುವೆ ಮನೆಯಲ್ಲಿ ಬೀಗರು ಹೊರಡೋ ಹೊತ್ತಿಗೆ ಹಳೆ ಲೆಕ್ಕ ತೆಗೆದ ಹಾಗೆ. ಸೈನ್ಯದ ಅಧಿಕಾರಿಗಳೆಲ್ಲ ಬೆಲ್ಜಿಯಂನವರು, ಗಣಿ ಬೆಲ್ಜಿಯಂನದು, ಇಡೀ ದೇಶದಲ್ಲಿ ಪದವಿ ಓದಿದ ಕಾಂಗೋದವರು ಬೆರಳೆಣಿಕೆ. ಅಂಥ ಹೊತ್ತಲ್ಲಿ ಬಾಯಿ ಹಿಡಿದುಕೊಂಡು ಎರಡು ವರ್ಷ ಕೆಲಸ ತೆಗೆಸಿಕೊಳ್ಳಬೇಕಿತ್ತು.

ನಿದ್ದೆಗೆಟ್ಟ_ನಾಣಿ
ಬೀಗರಾ? ಮನೆ ದೋಚಿ ಹೊರಟವರು ಮಾರಾಯ್ರೆ.

ಬ್ರಸೆಲ್ಸ್_ಬೋರೇಗೌಡ
ಅದೇ ದಿನ ಮಧ್ಯಾಹ್ನದ ಊಟದಲ್ಲಿ ಲುಮುಂಬಾ ಇನ್ನೊಂದು ಭಾಷಣ ಮಾಡಿದರು, ರಾಜನಿಗೆ ಒಳ್ಳೆ ಮಾತು ಹೇಳಿ ಸಮಾಧಾನ ಮಾಡಿದರು. ಅದು ಯಾರಿಗೂ ನೆನಪಿಲ್ಲ.

ಅಕ್ಷರ_ಅಮ್ಮ
ಆ ಭಾಷಣದಲ್ಲಿ ನನಗೆ ತುಂಬಾ ತಟ್ಟಿದ್ದು ಒಂದು ಸಣ್ಣ ಸಾಲು. ಫ್ರೆಂಚ್‌ನಲ್ಲಿ ‘ತು’ ಮತ್ತು ‘ವು’ ಅಂತ ಎರಡು ಇವೆ. ಕರಿಯನನ್ನು ‘ತು’ ಅಂತ ಕರೆಯುತ್ತಿದ್ದರು, ಗೆಳೆಯ ಅಂತ ಅಲ್ಲ, ಗೌರವದ ‘ವು’ ಬಿಳಿಯರಿಗೆ ಮಾತ್ರ ಮೀಸಲು ಅನ್ನೋ ಕಾರಣಕ್ಕೆ, ಇದನ್ನು ಯಾರು ಮರೆಯುತ್ತಾರೆ, ಅಂತ ಕೇಳುತ್ತಾರೆ. ಇದನ್ನು ಇಂಗ್ಲಿಷ್‌ನಲ್ಲಿ ಓದಿದಾಗ ಕೆಳಗೆ ವಿವರಣೆ ಕೊಟ್ಟಿದ್ದರು. ಕನ್ನಡಕ್ಕೆ ವಿವರಣೆಯೇ ಬೇಡ. ನಮ್ಮನ್ನು ಏಕವಚನದಲ್ಲಿ ಮಾತಾಡಿಸಿದರು, ಅಷ್ಟೇ. ಓದಿದ ಕೂಡಲೇ ಮೈ ಉರಿಯುತ್ತೆ.

ನಾನು ಮೇಷ್ಟ್ರಾಗಿದ್ದೆ. ಮಕ್ಕಳಿಗೆ ವಸಾಹತು ಆಳ್ವಿಕೆ ಅಂತ ಹತ್ತು ಅಂಕದ ಉತ್ತರ ಬರೆಸುವ ಬದಲು ಈ ಒಂದು ಸಾಲು ಹೇಳುತ್ತಿದ್ದೆ. ಹಿಂದಿನ ಬೆಂಚಿನವರೂ ತಲೆ ಎತ್ತುತ್ತಿದ್ದರು.

ಅಂದ ಹಾಗೆ ಗಿರಿ, ನೀವು ಮೊದಲ ಪೋಸ್ಟ್‌ನಲ್ಲಿ ‘ಮಾಡಿದ’, ‘ಅವನ ಹಾಗೆ’ ಅಂತ ಬರೆದಿದ್ದೀರಿ. ಸುಮ್ನೆ ಹೇಳಿದೆ.

ಗೋಲ್‌ಪೋಸ್ಟ್_ಗಿರಿ
ಅಯ್ಯೋ ಮೇಡಂ!! ಕ್ರಿಕೆಟರ್ಸ್, ಸಿನಿಮಾದವರು ಎಲ್ಲರಿಗೂ ಹಾಗೇ ಬರೆಯೋದು, ಅಭ್ಯಾಸಬಲ. ತಿದ್ದಲ್ಲ, ತಿದ್ದಿದರೆ ನಿಮ್ಮ ಕಾಮೆಂಟು ಅನಾಥ ಆಗುತ್ತೆ.

ಧಾರವಾಡ್_ಪೇಡಾ
ಏಕವಚನ ಅಂದ್ರ ಬರೇ ಅವಮಾನ ಅಲ್ರಿ. ನಮ್ಮ ಕಡೆ ಅವ್ವಗೂ ‘ನೀನು’, ದೇವರಿಗೂ ‘ನೀನು’. ಯಾರು, ಯಾರಿಗೆ, ಯಾವ ದನಿಯೊಳಗ ಅನ್ನೋದು ಮುಖ್ಯ.

ಅಕ್ಷರ_ಅಮ್ಮ
ಅದನ್ನೇ ಅವರೂ ಹೇಳಿದ್ದು, ಗೆಳೆಯ ಅಂತ ಅಲ್ಲ ಅಂತ.

ತೋಟದ_ಮನೆ
ಅಷ್ಟು ದೂರ ಯಾಕೆ ಹೋಗ್ತೀರಿ. ನಮ್ಮಜ್ಜ ತೋಟದ ಕೆಲಸದವರನ್ನು, ತಮಗಿಂತ ಹತ್ತು ವರ್ಷ ದೊಡ್ಡವರನ್ನೂ, ‘ಏನೋ’ ಅಂತಲೇ ಕರೆಯುತ್ತಿದ್ದರು. ಅವರು ತಿರುಗಿ ‘ಅಯ್ಯಾ’ ಅನ್ನೋರು. ನಾವು ಮಕ್ಕಳೂ ಅದನ್ನೇ ಕಲಿತೆವು. ಬೆಲ್ಜಿಯಂನವರಿಗೆ ಬೈಯೋದು ಸುಲಭ.

ನಿದ್ದೆಗೆಟ್ಟ_ನಾಣಿ
ಈಗಲೂ ಇದೆ. ಅಪಾರ್ಟ್‌ಮೆಂಟ್ ಸೆಕ್ಯುರಿಟಿಗೆ 60 ವರ್ಷ, 12 ವರ್ಷದ ಹುಡುಗ ‘ಗೇಟ್ ತೆಗಿಯೋ’ ಅಂತಾನೆ.

ಮಲೆನಾಡ್_ಮಾಣಿ
ಎಲ್ಲದಕ್ಕೂ ನಮ್ಮನ್ನು ನಾವೇ ಚಪ್ಪಲಿಯಲ್ಲಿ ಹೊಡೆದುಕೊಳ್ಳೋ ಚಟ. ಕೈ ಕತ್ತರಿಸೋದೂ ‘ಏನೋ’ ಅನ್ನೋದೂ ಒಂದೇನಾ?

ತೋಟದ_ಮನೆ
ಒಂದೇ ಅಂತ ಯಾರೂ ಅನ್ನಲಿಲ್ಲ. ಲುಮುಂಬಾ ಎರಡನ್ನೂ ಒಂದೇ ಭಾಷಣದಲ್ಲಿ ಯಾಕೆ ತಂದರು ಅಂತ ಯೋಚನೆ ಮಾಡಿ.

ಮಲೆನಾಡ್_ಮಾಣಿ
ಕೈ ಕತ್ತರಿಸಿದ್ದು ಆ ಭಾಷಣದಲ್ಲಿ ಇಲ್ಲವೇ ಇಲ್ಲ. ಅದು ಬೋರೇಗೌಡರು ಸೇರಿಸಿದ್ದು. ಸರಿಯಾಗಿ ಓದಿ.

ತೋಟದ_ಮನೆ
ಸರಿ, ಅದು ನನ್ನ ತಪ್ಪು. ‘ನೀನು’ ಇದೆ, ಹೊಡೆತ ಇದೆ, ಅಷ್ಟು ಸಾಕು.

ಅಡ್ಮಿನ್
ವಿಷಯಕ್ಕೆ ಬನ್ನಿ. ಏಕವಚನ ಬಹುವಚನದ ಜಗಳಕ್ಕೆ ಬೇರೆ ಎಳೆ ಶುರು ಮಾಡಿ.

ಹಳೆ_ರೇಡಿಯೊ
ಮಾಣಿ ಎರಡು ವರ್ಷ ಬಾಯಿ ಹಿಡಿದುಕೊಳ್ಳಬೇಕಿತ್ತು ಅಂದರು. ಎರಡು ವಾರ ಯಾರೂ ಬಿಡಲಿಲ್ಲ. ಜುಲೈ 5ಕ್ಕೆ ಸೈನ್ಯದಲ್ಲಿ ದಂಗೆ. ಅದಕ್ಕೆ ಲುಮುಂಬಾ ಭಾಷಣ ಕಾರಣ ಅಲ್ಲ. ಸೇನಾಪತಿ ಜಾನ್ಸೆನ್ಸ್ ಅನ್ನೋ ಬೆಲ್ಜಿಯಂನವರು ಕಪ್ಪು ಹಲಗೆ ಮೇಲೆ ‘ಸ್ವಾತಂತ್ರ್ಯಕ್ಕೆ ಮೊದಲು = ಸ್ವಾತಂತ್ರ್ಯದ ನಂತರ’ ಅಂತ ಬರೆದು ಸಿಪಾಯಿಗಳಿಗೆ ತೋರಿಸಿದರು. ನಿಮಗೇನೂ ಬದಲಾಗಲ್ಲ ಅಂತ. ಬೆಂಕಿ ಹತ್ತಿಕೊಂಡಿತು. ಜುಲೈ 11ಕ್ಕೆ ಕಟಾಂಗ ಪ್ರಾಂತ್ಯ ಶೋಂಬೆ ನಾಯಕತ್ವದಲ್ಲಿ ‘ನಾವು ಬೇರೆ ದೇಶ’ ಅಂದಿತು. ಹಿಂದೆ ನಿಂತದ್ದು ಬೆಲ್ಜಿಯಂ ಸೈನಿಕರು ಮತ್ತು ಯೂನಿಯನ್ ಮಿನಿಯೇರ್ ಗಣಿ ಕಂಪನಿ. ತಾಮ್ರ, ಕೋಬಾಲ್ಟ್ ಎಲ್ಲ ಅಲ್ಲೇ. ಹಿರೋಶಿಮಾ ಬಾಂಬಿಗೆ ಬಳಸಿದ ಯುರೇನಿಯಂನ ಬಹುಪಾಲು ಬಂದದ್ದೂ ಕಟಾಂಗದ ಶಿಂಕೊಲೊಬ್ವೆ ಗಣಿಯಿಂದ. ಮನೆಯ ತಿಜೋರಿಯನ್ನೇ ಹೊತ್ತುಕೊಂಡು ಹೋದರೆ ಯಜಮಾನ ಏನು ಮಾಡಬೇಕು?

ಖಾಲಿ_ಪೇಪರ್
ರಷ್ಯಾ ಕರೆದರು. ಕಮ್ಯುನಿಸ್ಟ್. ಕಥೆ ಮುಗೀತು.

ಬ್ರಸೆಲ್ಸ್_ಬೋರೇಗೌಡ
ಮೊದಲು ವಿಶ್ವಸಂಸ್ಥೆಯನ್ನು ಕರೆದರು. ಅದರ ಪಡೆ ಬಂತು, ಆದರೆ ಕಟಾಂಗವನ್ನು ಬಲವಂತದಿಂದ ಸೇರಿಸಲ್ಲ ಅಂತ ವಿಶ್ವಸಂಸ್ಥೆ ಮಹಾ ಕಾರ್ಯದರ್ಶಿ ಹ್ಯಾಮರ್‌ಶೋಲ್ಡ್ ಕೈ ಚೆಲ್ಲಿದರು. ಜುಲೈ ಕೊನೆಗೆ ಲುಮುಂಬಾ ಅಮೆರಿಕಕ್ಕೆ ಹೋದರು. ಅಧ್ಯಕ್ಷ ಐಸೆನ್‌ಹೋವರ್ ಭೇಟಿಯಾಗಲೇ ಇಲ್ಲ. ಆಮೇಲೆ ಸೋವಿಯತ್ ವಿಮಾನ, ಲಾರಿ ಬಂದದ್ದು. ಕಮ್ಯುನಿಸ್ಟ್ ಅಂತೀರಲ್ಲ, ಆ ಕಮ್ಯುನಿಸ್ಟು ಜುಲೈನಲ್ಲಿ ಒಬ್ಬ ಅಮೆರಿಕನ್ ವ್ಯಾಪಾರಿಯ ಜೊತೆ 50 ವರ್ಷದ ಒಪ್ಪಂದಕ್ಕೆ ಸಹಿ ಹಾಕಿದ್ದರು, ಇಡೀ ದೇಶದ ಸಂಪತ್ತು ಅಭಿವೃದ್ಧಿ ಮಾಡಿಕೊಡಿ ಅಂತ. ಆ ವ್ಯಾಪಾರಿಗೆ ಕೈಲಿ ಅಷ್ಟು ದುಡ್ಡೂ ಇರಲಿಲ್ಲ. ಪೆದ್ದುತನ ಅನ್ನಿ, ಒಪ್ಪುತ್ತೇನೆ.

ಮಲೆನಾಡ್_ಮಾಣಿ
ದಕ್ಷಿಣ ಕಸಾಯ್ ಬಗ್ಗೆ ಯಾರೂ ಎತ್ತಲಿಲ್ಲ, ಅದಕ್ಕೆ ನಾನೇ ಎತ್ತುತ್ತೇನೆ. ಆಗಸ್ಟ್‌ನಲ್ಲಿ ಅದೂ ಬೇರೆಯಾಗ್ತೀವಿ ಅಂತು. ಲುಮುಂಬಾ ಸೈನ್ಯ ಕಳಿಸಿದರು. ಸಂಬಳ ಇಲ್ಲ, ಊಟ ಇಲ್ಲ, ಶಿಸ್ತು ಇಲ್ಲದ ಸೈನ್ಯ. ಬಕ್ವಾಂಗದಲ್ಲಿ ಲೂಬಾ ಜನರನ್ನು ಕಡಿದು ಹಾಕಿದರು, ಚರ್ಚ್‌ನಲ್ಲಿ ಅಡಗಿದವರನ್ನೂ ಬಿಡಲಿಲ್ಲ. ಹ್ಯಾಮರ್‌ಶೋಲ್ಡ್ ಜನಾಂಗಹತ್ಯೆಯ ಮಾತಾಡಿದರು. ಕಸವುಬು ವಜಾ ಮಾಡುವಾಗ ಇದನ್ನೂ ಕಾರಣವಾಗಿ ಕೊಟ್ಟರು. ಪ್ರತಿಮೆಗೆ ಹಾರ ಹಾಕುವವರು ಇದನ್ನೂ ಓದಲಿ.

ಹಳೆ_ರೇಡಿಯೊ
ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಆಜ್ಞೆ ಕೊಟ್ಟದ್ದು ಪ್ರಾಂತ್ಯ ವಾಪಸು ತರಲಿಕ್ಕೆ, ಕೊಲ್ಲಲಿಕ್ಕಲ್ಲ ಅಂತ ಹೇಳಬಹುದು. ಸತ್ತವರ ಮನೆಯವರಿಗೆ ಅದು ಉತ್ತರವೇ ಅಲ್ಲ.

ಗೋಲ್‌ಪೋಸ್ಟ್_ಗಿರಿ
ಹಾಗಾದರೆ ಕೊಂದಿದ್ದು ಸಿಐಎ ಅಲ್ವಾ? ಎಲ್ಲ ಕಡೆ ಹಾಗೇ ಇದೆ.

ಬ್ರಸೆಲ್ಸ್_ಬೋರೇಗೌಡ
ಸಿಐಎ ಕೊಲ್ಲಲು ಹೊರಟದ್ದು ಸತ್ಯ. 1975ರಲ್ಲಿ ಅಮೆರಿಕದ ಸೆನೆಟ್ ಸಮಿತಿಯೇ ಅದನ್ನು ಹೊರಗೆ ತಂದಿತು. ಸಿಡ್ನಿ ಗಾಟ್ಲೀಬ್ ಅನ್ನೋ ಅವರ ವಿಜ್ಞಾನಿ ವಿಷ ಹೊತ್ತುಕೊಂಡು ಸೆಪ್ಟೆಂಬರ್‌ನಲ್ಲಿ ಲಿಯೋಪೋಲ್ಡ್‌ವಿಲ್‌ಗೆ ಬಂದಿದ್ದ. ಊಟದಲ್ಲೋ ಹಲ್ಲುಜ್ಜುವ ಪೇಸ್ಟ್‌ನಲ್ಲೋ ಸೇರಿಸುವ ಯೋಚನೆ. ಅದು ಬಳಕೆ ಆಗಲಿಲ್ಲ.

ನಡೆದದ್ದು ಬೇರೆ. ಸೆಪ್ಟೆಂಬರ್ 14ಕ್ಕೆ ಮೊಬುಟು, ಒಂದು ಕಾಲದಲ್ಲಿ ಲುಮುಂಬಾ ಹಿಂದೆ ಮುಂದೆ ಓಡಾಡುತ್ತಿದ್ದ ಹುಡುಗ, ಅಧಿಕಾರ ಹಿಡಿದ. ಲುಮುಂಬಾ ಗೃಹಬಂಧನ. ಮನೆ ಸುತ್ತ ವಿಶ್ವಸಂಸ್ಥೆಯ ಸೈನಿಕರು ಕಾವಲಿಗೆ, ಅವರ ಸುತ್ತ ಮೊಬುಟು ಸೈನಿಕರು ಹಿಡಿಯಲಿಕ್ಕೆ! ನವೆಂಬರ್ 27ರ ರಾತ್ರಿ ಮಳೆಯಲ್ಲಿ ಕಾರಿನಲ್ಲಿ ತಪ್ಪಿಸಿಕೊಂಡು ಸ್ಟ್ಯಾನ್ಲಿವಿಲ್ ಕಡೆ ಹೊರಟರು, ಅಲ್ಲಿ ಅವರ ಜನ ಇದ್ದರು. ದಾರಿಯಲ್ಲಿ ಊರೂರಲ್ಲಿ ನಿಂತು ಭಾಷಣ ಮಾಡಿದ್ದಕ್ಕೆ ತಡ ಆಯ್ತು ಅಂತಾರೆ. ಸಂಕುರು ನದಿ ದಡದಲ್ಲಿ ಸಿಕ್ಕಿಬಿದ್ದರು. 1961 ಜನವರಿ 17ಕ್ಕೆ ಅವರನ್ನೂ ಜೊತೆಗಾರರಾದ ಮಪೋಲೊ, ಒಕಿಟೊ ಇಬ್ಬರನ್ನೂ ವಿಮಾನದಲ್ಲಿ ವೈರಿ ಶೋಂಬೆ ಕೈಗೇ ಒಪ್ಪಿಸಿದರು. ದಾರಿಯುದ್ದಕ್ಕೂ ಹೊಡೆತ. ಅದೇ ರಾತ್ರಿ ಕಾಡಿನಲ್ಲಿ ಗುಂಡು. ಕಟಾಂಗದ ಮಂತ್ರಿಗಳೂ ಇದ್ದರು, ಬೆಲ್ಜಿಯಂ ಅಧಿಕಾರಿಗಳೂ ಇದ್ದರು. 35 ವರ್ಷ. ಮೂರು ದಿನ ಬಿಟ್ಟು ಅಮೆರಿಕದಲ್ಲಿ ಕೆನಡಿ ಪ್ರಮಾಣವಚನ.

ಅಕ್ಷರ_ಅಮ್ಮ
ಸುದ್ದಿಯನ್ನು ಫೆಬ್ರವರಿ 13ರವರೆಗೆ ಮುಚ್ಚಿಟ್ಟರು. ಹೆಂಡತಿ ಪೊಲೀನ್ ಅವರು ಅಲ್ಲಿನ ಶೋಕಾಚರಣೆಯ ಪದ್ಧತಿಯಂತೆ ಎದೆ ಮೇಲೆ ಬಟ್ಟೆ ಇಲ್ಲದೆ ಲಿಯೋಪೋಲ್ಡ್‌ವಿಲ್ ಬೀದಿಯಲ್ಲಿ ನಡೆದು ವಿಶ್ವಸಂಸ್ಥೆ ಕಚೇರಿಗೆ ಹೋಗಿ ಗಂಡನ ಹೆಣ ಕೊಡಿ ಅಂತ ಕೇಳಿದರು. ಕೊಡಲು ಹೆಣವೇ ಇರಲಿಲ್ಲ.

ಕೊಡಗಿನ_ಕಾಫಿ
ನಮ್ಮ ತಾತನ ಅಣ್ಣ 1961ರಲ್ಲಿ ಕಾಂಗೋಗೆ ಹೋಗಿದ್ದರು, ವಿಶ್ವಸಂಸ್ಥೆ ಪಡೆಯಲ್ಲಿ. ಲುಮುಂಬಾ ಕೊಲೆ ಆದ ಮೇಲೆ ನೆಹರು ಸಿಟ್ಟಾಗಿ ಪೂರ್ತಿ ಒಂದು ಬ್ರಿಗೇಡ್ ಕಳಿಸಿದರಲ್ಲ, ಬ್ರಿಗೇಡಿಯರ್ ರಾಜಾ ಅವರ 99ನೇ ಬ್ರಿಗೇಡ್, ಅದರ ಜೊತೆ. ಅವರು ಅಲ್ಲಿಂದ ತಂದ ಮರದ ಮುಖವಾಡ ಇನ್ನೂ ಅಟ್ಟದ ಮೇಲಿದೆ, ಮಕ್ಕಳು ಹೆದರುತ್ತಾರೆ ಅಂತ ಗೋಡೆಗೆ ಹಾಕಲು ಬಿಡಲಿಲ್ಲ. ಕ್ಯಾಪ್ಟನ್ ಗುರುಬಚನ್ ಸಿಂಗ್ ಸಲಾರಿಯಾ ಪರಮವೀರ ಚಕ್ರ ಪಡೆದದ್ದು ಅಲ್ಲೇ, ಲುಮುಂಬಾ ಅವರನ್ನು ಕಾಪಾಡುವಾಗ.

ಹಳೆ_ರೇಡಿಯೊ
ಸಣ್ಣ ತಿದ್ದುಪಡಿ. ಸಲಾರಿಯಾ ಹುತಾತ್ಮರಾದದ್ದು 1961 ಡಿಸೆಂಬರ್ 5, ಎಲಿಜಬೆತ್‌ವಿಲ್‌ನಲ್ಲಿ, ಕಟಾಂಗ ಪಡೆಯ ರಸ್ತೆ ತಡೆ ಒಡೆಯುವಾಗ. ಲುಮುಂಬಾ ಸತ್ತು ಹತ್ತು ತಿಂಗಳ ಮೇಲಾಗಿತ್ತು. ಲುಮುಂಬಾ ಕೇಳಿದ್ದು, ಬಲ ಉಪಯೋಗಿಸಿ ಕಟಾಂಗ ಸೇರಿಸಿ ಅಂತ. ಅದನ್ನು ಅವರು ಹೋದ ಮೇಲೆ ಮಾಡಿದರು. 1963ಕ್ಕೆ ಕಟಾಂಗ ಮುಗಿಯಿತು.

ಇನ್ನೊಂದು. ಲುಮುಂಬಾ ಗೃಹಬಂಧನದಲ್ಲಿದ್ದಾಗ ಅಲ್ಲಿ ವಿಶ್ವಸಂಸ್ಥೆಯ ಪ್ರತಿನಿಧಿ ನಮ್ಮವರೇ, ರಾಜೇಶ್ವರ್ ದಯಾಳ್. ಅಮೆರಿಕದವರಿಗೆ ಅವರನ್ನು ಕಂಡರೆ ಆಗುತ್ತಿರಲಿಲ್ಲ.

ಕೊಡಗಿನ_ಕಾಫಿ
ಓ ಸರಿ, ಮನೆಯಲ್ಲಿ ಕೇಳಿದ್ದನ್ನೇ ಬರೆದೆ. ತಾತನ ಅಣ್ಣ ಎರಡು ಪೆಗ್ ಆದ ಮೇಲೆ ಹೇಳೋ ಕಥೆ ಅದು 😅

ನಿದ್ದೆಗೆಟ್ಟ_ನಾಣಿ
ಹೆಣ ಇರಲಿಲ್ಲ ಅಂದರೆ?

ಬ್ರಸೆಲ್ಸ್_ಬೋರೇಗೌಡ
ಊಟ ಮಾಡುತ್ತಿದ್ದರೆ ಆಮೇಲೆ ಓದಿ. ಗೆರಾರ್ಡ್ ಸೂಟೆ ಅನ್ನೋ ಬೆಲ್ಜಿಯಂ ಪೊಲೀಸ್ ಅಧಿಕಾರಿ ಹೂತ ಹೆಣಗಳನ್ನು ತೆಗೆಸಿ, ತುಂಡು ಮಾಡಿ, ಆಸಿಡ್‌ನಲ್ಲಿ ಕರಗಿಸಿದ. ಗುರುತು ಉಳಿಯಬಾರದು ಅಂತ. ಆದರೆ ಒಂದು ಹಲ್ಲು, ಚಿನ್ನದ ಕವಚ ಹಾಕಿದ್ದು, ಜೇಬಿಗೆ ಹಾಕಿಕೊಂಡು ಊರಿಗೆ ಬಂದ. ಎಷ್ಟೋ ವರ್ಷ ಆದ ಮೇಲೆ ಟಿವಿಯಲ್ಲಿ ಅದನ್ನು ಹೇಳಿಯೂ ಕೊಂಡ. ಅವನು ಸತ್ತ ಮೇಲೆ, 2016ರಲ್ಲಿ, ಮಗಳ ಮನೆಯಿಂದ ಪೊಲೀಸರು ವಶಪಡಿಸಿಕೊಂಡರು. 2022 ಜೂನ್ 20ಕ್ಕೆ ಇಲ್ಲಿ ಬ್ರಸೆಲ್ಸ್‌ನಲ್ಲಿ ಆ ಹಲ್ಲನ್ನು ಪುಟ್ಟ ನೀಲಿ ಪೆಟ್ಟಿಗೆಯಲ್ಲಿ ಇಟ್ಟು ಮಕ್ಕಳ ಕೈಗೆ ಕೊಟ್ಟರು. ಮಕ್ಕಳು ಅಂದರೆ ಎಲ್ಲರೂ ಅಪ್ಪನಿಗಿಂತ ಎಷ್ಟೋ ದೊಡ್ಡವರು ಆಗಿದ್ದರು. ಅದನ್ನು ಶವಪೆಟ್ಟಿಗೆಯಲ್ಲಿಟ್ಟು, ಹುಟ್ಟಿದ ಒನಲುವಕ್ಕೆ, ಕಿಸಂಗನಿಗೆ, ಗುಂಡು ಹೊಡೆದ ಜಾಗಕ್ಕೆ ಒಯ್ದು, ಜೂನ್ 30ಕ್ಕೆ ಕಿನ್ಶಾಸಾದಲ್ಲಿ ಮಣ್ಣು ಮಾಡಿದರು. ಭಾಷಣ ಮಾಡಿದ ತಾರೀಖು.

ಕೇಸೂ ಆಯ್ತು. ಮಕ್ಕಳು 2011ರಲ್ಲಿ ಇಲ್ಲಿನ ಕೋರ್ಟಿಗೆ ದೂರು ಕೊಟ್ಟರು. 2025ರಲ್ಲಿ, ಕೊಲೆಯ ಕಾಲಕ್ಕೆ ಕಿರಿಯ ರಾಜತಾಂತ್ರಿಕರಾಗಿದ್ದ ಒಬ್ಬರ ವಿಚಾರಣೆ ಆಗಲಿ ಅಂತ ಸರ್ಕಾರಿ ವಕೀಲರು ಕೇಳಿದರು. ಆ ಮನುಷ್ಯನಿಗೆ ಆಗ 92 ವರ್ಷ.

ಖಾಲಿ_ಪೇಪರ್
ಒಂದು ಹಲ್ಲಿಗೆ ರಾಷ್ಟ್ರೀಯ ಶವಸಂಸ್ಕಾರ. ಸರಿ, ಕಥೆ ಮುಗೀತು ಅಂದಿದ್ದು ವಾಪಸ್ ತಗೊಂಡೆ.

ಮಲೆನಾಡ್_ಮಾಣಿ
1966ರಲ್ಲಿ ಲುಮುಂಬಾ ರಾಷ್ಟ್ರವೀರ ಅಂತ ಘೋಷಿಸಿದ್ದು ಯಾರು ಗೊತ್ತಾ? ಅದೇ ಮೊಬುಟು. ಹಿಡಿದುಕೊಟ್ಟವನೇ ಹಾರ ಹಾಕಿದ. ಆಮೇಲೆ 1997ರವರೆಗೆ ದೇಶ ತಿಂದ. ಇದರಲ್ಲಿ ನನ್ನದೇನೂ ತಕರಾರಿಲ್ಲ, ನೀವೆಲ್ಲ ಹೇಳೋ ಹಾಗೇ ಆಗಲಿ.

ಧಾರವಾಡ್_ಪೇಡಾ
ಮಾಣಿಯವರು ಸೋತ್ರು ಅಂತ ಬರಕೋರಿ ಯಾರಾದ್ರೂ

ಮಲೆನಾಡ್_ಮಾಣಿ
ಸೋತಿಲ್ಲ, ಕಾಫಿಗೆ ಹೋಗ್ತಿದ್ದೇನೆ.

ತೋಟದ_ಮನೆ
ನಮ್ಮೂರಲ್ಲಿ ಒಬ್ಬರು ‘ಮಾಸ್ಕೋ ಡಾಕ್ಟ್ರು’ ಇದ್ದರು. ಅವರ ಸರ್ಟಿಫಿಕೇಟ್ ಗೋಡೆ ಮೇಲಿತ್ತು, ಲುಮುಂಬಾ ವಿಶ್ವವಿದ್ಯಾಲಯ ಅಂತ. ಲುಮುಂಬಾ ಅಂದರೆ ರಷ್ಯಾದ ಒಂದು ಊರು ಅಂತಲೇ ನಾನು ಈ ಚರ್ಚೆ ಓದುವವರೆಗೆ ಅಂದುಕೊಂಡಿದ್ದೆ. ನಿಜವಾಗಲೂ.

ಹಳೆ_ರೇಡಿಯೊ
1961ರಲ್ಲಿ ಆ ಹೆಸರು ಇಟ್ಟರು, 1992ರಲ್ಲಿ ತೆಗೆದರು, 2023ರಲ್ಲಿ ಮತ್ತೆ ಇಟ್ಟರು. ರಷ್ಯಾಕ್ಕೆ ಆಫ್ರಿಕಾ ಬೇಕಾದಾಗೆಲ್ಲ ಲುಮುಂಬಾ ನೆನಪಾಗುತ್ತಾರೆ.

ಗೋಲ್‌ಪೋಸ್ಟ್_ಗಿರಿ
ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ರಾತ್ರಿ ನನ್ನ ತಮ್ಮನಿಗೆ ಇದೆಲ್ಲ ಹೇಳಿ, ಅವರ ಹಾಗೆ (ಮೇಡಂ ನೋಡಿ, ‘ಅವರ’!) ಕೈ ಎತ್ತಿ ನಿಲ್ಲು ನೋಡೋಣ ಅಂದೆ. 11 ನಿಮಿಷಕ್ಕೆ ಭುಜ ನೋವು ಅಂತ ಕೂತುಬಿಟ್ಟ.

ಅಕ್ಷರ_ಅಮ್ಮ
😄 ಕಾಂಗೋದ ಕೊನೆ ಪಂದ್ಯ ಯಾರು ಗೆದ್ದರು?

ಗೋಲ್‌ಪೋಸ್ಟ್_ಗಿರಿ
ಅಲ್ಜೀರಿಯಾ, 1-0. ಹೆಚ್ಚುವರಿ ಸಮಯದ ಕೊನೆಗೆ ಗೋಲು. ಅಂದರೆ ಎರಡು ಗಂಟೆ ಆಟ. ಗೆದ್ದ ಮೇಲೆ ಅಲ್ಜೀರಿಯಾದ ಒಬ್ಬ ಆಟಗಾರ ಆ ಗ್ಯಾಲರಿ ಮನುಷ್ಯನ ಭಂಗಿ ಅಣಕಿಸಿ ದೊಪ್ಪನೆ ನೆಲಕ್ಕೆ ಬಿದ್ದು ತೋರಿಸಿದ. ಎಲ್ಲರೂ ಉಗಿದ ಮೇಲೆ ಕ್ಷಮೆ ಕೇಳಿದ, ಅದು ಯಾರ ಭಂಗಿ ಅಂತ ನನಗೆ ಗೊತ್ತಿರಲಿಲ್ಲ ಅಂದ.

ತೋಟದ_ಮನೆ
ಪಾಪ, ಅವನೂ ರಷ್ಯಾದ ಊರು ಅಂದುಕೊಂಡಿರಬೇಕು.